ಆಯಿಯ ಕಣ್ಣು

ನಮ್ಮ ಆಯಿಯ ಎರಡೂ ಕಣ್ಣಿಗೆ ಪೊರೆ ಬಂದಿತ್ತು. "ಪೊರಿ ಹಣ್ಣಾಗ್ಲಿ, ಆಮ್ಯಾಲೆ ತೆಗಸೋಣು" ಎಂದು ಎರಡು ವರ್ಷ ದೂಡಿದಳು. ಒಂದು ರಾತ್ರಿ ಎಡಗಣ್ಣು ಕೆಂಪಾಗಿ, ತಲೆ ಸಿಡಿದು ವಾಂತಿಯಾಯಿತು. ಬೆಳಗಾಗುತ್ತಲೇ ಗುಂಜಿಯಿಂದ ಖಾನಾಪುರ ದಾಟಿ ಬೆಳಗಾವಿಗೆ ಒಯ್ದೆವು. ಬಲಿತ ಪೊರೆ ಉಬ್ಬಿ, ಕಣ್ಣೊಳಗೆ ಒತ್ತಡ ಏರಿ ನರ ಕೆಟ್ಟಿದೆ ಎಂದರು ಡಾಕ್ಟರು. ಆ ಕಣ್ಣಿನ ದೃಷ್ಟಿ ಮರಳಲಿಲ್ಲ.

ಮುಂದೆ ಬಲಗಣ್ಣಿನ ಪೊರೆ ತೆಗೆದು ಲೆನ್ಸ್ ಕೂಡಿಸಿದರು. ಪಟ್ಟಿ ಬಿಚ್ಚಿದಾಗ ಆಯಿ ನನ್ನನ್ನು ನೋಡಿ, "ಎಷ್ಟ ಎತ್ತರ ಆಗೀಯೋ ತಮ್ಮಾ!" ಎಂದಳು. ಅವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಗೆಳೆಯರೇ, ಪೊರೆ ಹಣ್ಣಾಗಲೆಂದು ಕಾಯುವುದು ಹಳೆಯ ಮಾತು. 1976ರಲ್ಲಿ ಶುರುವಾದ ರಾಷ್ಟ್ರೀಯ ಅಂಧತ್ವ ನಿಯಂತ್ರಣ ಕಾರ್ಯಕ್ರಮದಲ್ಲಿ ಆಪರೇಷನ್ ಪುಕ್ಕಟೆ ಆಗುತ್ತದೆ. ಇವತ್ತೇ ಮನೆಯ ಹಿರಿಯರನ್ನು ಕೇಳಿರಿ: "ಕಣ್ಣು ಮಂಜ ಆಗ್ಯಾವೇನು?"