‘ವರಪ್ರಸಾದ ಪೂರ್ಣೆ’: ಒಂದು ಪದದ ವಿಚಾರ

ಹಾರೋಹಳ್ಳಿಯ ಮೇಲೆ ಹಾದು ಕನಕಪುರವನ್ನು ದಾಟಿದರೆ ಹಾರೋಬೆಲೆ, ಕನ್ನಡ ಕಥೋಲಿಕರ ಹಳೆಯ ಊರು. ಈ ಸಮುದಾಯದ ಜಪಮಾಲೆಯಲ್ಲಿ ಮರಿಯಮ್ಮನಿಗೆ ಸಲ್ಲುವ ವಿಶೇಷಣ ‘ವರಪ್ರಸಾದ ಪೂರ್ಣೆ’. ಇದರ ಮೂಲ ಲೂಕನ ಸುವಾರ್ತೆಯ (1:28) ಗ್ರೀಕ್ ಪದ ‘ಕೆಖಾರಿತೊಮೆನೆ’. ಅದರ ಧಾತು ಹೊಸ ಒಡಂಬಡಿಕೆಯಲ್ಲಿ ಎರಡೇ ಕಡೆ ಬಂದಿದೆ. ಇನ್ನೊಂದು ಎಫೆಸದವರಿಗೆ ಬರೆದ ಪತ್ರದಲ್ಲಿ (1:6). ಅದು ಕರ್ಮಣಿ ಕೃದಂತ: ‘ಅನುಗ್ರಹಕ್ಕೆ ಪಾತ್ರಳಾಗಿರುವವಳು’ ಎಂದಷ್ಟೇ ಅರ್ಥ. ತುಂಬಿರುವ ಮಾತು ಅಲ್ಲಿಲ್ಲ. ಲ್ಯಾಟಿನ್ ವಲ್ಗೇಟಿನ ‘ಗ್ರಾಸಿಯಾ ಪ್ಲೇನಾ’ ಅದನ್ನು ತಂದಿತು; ನಮ್ಮ ‘ಪೂರ್ಣೆ’ ಅದರ ನೆರಳು. ಇದು ಬಿಯರ್ ತುಂಬಿದ ಪೀಪಾಯಿಯನ್ನು ನೆನಪಿಸುತ್ತದೆಂದು ಲೂಥರ್ 1530ರಲ್ಲಿ ಗೇಲಿ ಮಾಡಿದ.

ಪಡೆದವಳ ತುಂಬುತನದಲ್ಲಿ ಕೊಟ್ಟವನು ಮರೆಯಾಗುತ್ತಾನೆಂಬ ಆಕ್ಷೇಪ ನ್ಯಾಯವಾದುದೇ. ಆದರೆ ಕನ್ನಡದಲ್ಲಿ ‘ಪ್ರಸಾದ’ ಅವನನ್ನು ಉಳಿಸಿಕೊಂಡಿದೆ. ವರವನ್ನು ತಪಸ್ಸಿನಿಂದ ರಾವಣನೂ ಗಳಿಸಿದ. ಪ್ರಸಾದ ಗಳಿಕೆಯಲ್ಲ, ಕೊಡುವವನ ಪ್ರಸನ್ನತೆ. ಲಿಂಗಾಯತರ ಅಷ್ಟಾವರಣಗಳಲ್ಲಿ ಒಂದಾದ ಪದವಿದು. ಸ್ವಪ್ರಯತ್ನದಿಂದಲೇ ಕರ್ಮನಿರ್ಜರೆ ಎನ್ನುವ ಜೈನಶಾಸ್ತ್ರವನ್ನು ಓದಿದವರಿಗೆ ಈ ವ್ಯತ್ಯಾಸ ಬೇಗ ಹೊಳೆದೀತು. ಪ್ರೊಟೆಸ್ಟಂಟರ ‘ಕೃಪೆ’ ಸರಳವಾದ ಪದ. ದಯೆಯಿಂದ ಅದನ್ನು ಬೇರ್ಪಡಿಸುವುದು ಮಾತ್ರ ಕಷ್ಟ.