ಗುಡ್ಡದೊಳಗಿನ ನೀರನ್ನು ಅರಸುವವರು

ಕುಂಜತ್ತೂರಿನಿಂದ ಪಡುವಣಕ್ಕೆ ಇಳಿದರೆ ಕಡಲು. ಅಲ್ಲಿಯ ಹೊಯಿಗೆ ನೆಲದಲ್ಲಿ ಬಾವಿಯ ನೀರಿಗಾಗಿ ಬಹಳ ಆಳಕ್ಕೆ ಹೋಗಬೇಕಾಗಿಲ್ಲ. ಆದರೆ ಹೆದ್ದಾರಿಯಲ್ಲಿ ತೆಂಕಣಕ್ಕೆ ಸಾಗಿ, ಉಪ್ಪಳದಲ್ಲಿ ಬಾಯಾರಿನ ದಾರಿ ಹಿಡಿದು ಮೂಡಣಕ್ಕೆ ಹೊರಳಿದರೆ ನೆಲದ ಗುಣವೇ ಬೇರೆ. ಎತ್ತ ನೋಡಿದರೂ ಮುರಕಲ್ಲಿನ ಗುಡ್ಡ, ಅದರ ತಪ್ಪಲಿನಲ್ಲಿ ಅಡಕೆಯ ತೋಟ. ಈ ತೋಟಗಳಿಗೆ ನೀರೆಲ್ಲಿಂದ ಎಂದು ಹೊಸಬರು ಬೆರಗಾಗುವುದು ಸಹಜವೇ. ಆ ನೀರು ಗುಡ್ಡದ ಹೊಟ್ಟೆಯಿಂದ ಬರುವುದು.

ಸುರಂಗ ತೋಡುವುದನ್ನೇ ಕಸುಬಾಗಿ ಮಾಡಿಕೊಂಡು ಬಾಳಿದವರು ನಮ್ಮ ಗಡಿನಾಡಿನಲ್ಲಿದ್ದಾರೆ. ಇಂತಹ ಕಸುಬು ಬೇರೆಡೆ ವಿರಳ. ಪರ್ಷಿಯಾ ದೇಶದ ‘ಕನಾತ್’ಗಳನ್ನು ಇವಕ್ಕೆ ಹೋಲಿಸುವುದುಂಟು. ಒಬ್ಬ ಆಳು ನಡೆದುಹೋಗುವಷ್ಟು ಎತ್ತರ, ಎರಡಡಿಯ ಆಸುಪಾಸಿನ ಅಗಲ. ಒಬ್ಬನು ಪಿಕಾಸಿಯಿಂದ ಅಗೆಯುತ್ತಾನೆ, ಮತ್ತೊಬ್ಬನು ಮಣ್ಣನ್ನು ಹೊರಕ್ಕೆ ಸಾಗಿಸುತ್ತಾನೆ. ಕೂಲಿಯ ಲೆಕ್ಕ ಕೋಲಿನಲ್ಲಿ. ಕೋಲೆಂದರೆ ಸುಮಾರು 2½ ಅಡಿ. ಒಳಗೆ ಉರಿಯುವ ಮೇಣದ ಬತ್ತಿಯು ಬೆಳಕಿಗೆ ಮಾತ್ರವಲ್ಲ, ಪ್ರಾಣರಕ್ಷಣೆಗೂ ಬೇಕು. ಬತ್ತಿ ಕ್ಷೀಣಿಸಿತೆಂದರೆ ಗಾಳಿ ಸಾಲದು, ಕೂಡಲೇ ಹೊರಬರಬೇಕು. ತಳವನ್ನು ಬಾಯಿಯ ಕಡೆಗೆ ತುಸುವೇ ಇಳಿಜಾರಾಗಿ ಬಿಡುವುದರಿಂದ ನೀರು ತಾನಾಗಿಯೇ ಹರಿದು ಬರುತ್ತದೆ. ಪಂಪು ಬೇಡ, ವಿದ್ಯುತ್ತು ಬೇಡ. ಅಗೆಯುವುದು ಬೇಸಗೆಯಲ್ಲಿ, ಆಗ ಸಿಕ್ಕಿದ ಒರತೆಯನ್ನೇ ನಂಬಬಹುದಷ್ಟೆ.

ನೀರು ಸಿಕ್ಕೇ ಸಿಗುವುದೆಂದು ಹೇಳಬಲ್ಲವರಿಲ್ಲ. ಗಡಿಯಾಚೆ ಬಂಟ್ವಾಳ ತಾಲೂಕಿನ ಕೇಪುವಿನ ಅಮೈ ಮಹಾಲಿಂಗ ನಾಯ್ಕರು ಅಡಕೆ ಮರ ಹತ್ತುವ ಕೂಲಿಯವರು. ತಮಗೆ ದೊರೆತ ಬೋಳುಗುಡ್ಡದಲ್ಲಿ, ಹಗಲಿನ ದುಡಿಮೆ ಮುಗಿಸಿ ಬಂದು, ದೀಪದ ಬೆಳಕಿನಲ್ಲಿ ಒಬ್ಬರೇ ಅಗೆದರು. ಐದು ಸುರಂಗಗಳು ಬರಿದಾದುವು. ವರ್ಷಗಳ ಶ್ರಮ ಮಣ್ಣಾದುದನ್ನು ಕಂಡು ನೆರೆಹೊರೆಯವರು ಏನೆಂದುಕೊಂಡಿರಬಹುದೆಂಬುದನ್ನು ಓದುಗರೇ ಊಹಿಸಲಿ. ಆರನೆಯದರಲ್ಲಿ ನೀರು ಬಂತು, ಬೋಳುಗುಡ್ಡ ತೋಟವಾಯಿತು. 2022ರಲ್ಲಿ ಅವರಿಗೆ ಪದ್ಮಶ್ರೀ ಪ್ರಶಸ್ತಿ ಸಂದಿತು. ಅಕ್ಷರಲೋಕದವರಾದ ನಾವು ಇಂಥವರನ್ನು ಗುರುತಿಸಲು ತಡಮಾಡುತ್ತೇವೆಂಬುದು ನನ್ನ ಅಭಿಪ್ರಾಯ.

ಕೊಳವೆ ಬಾವಿ ಬಂದ ಮೇಲೆ ಈ ಕಸುಬಿಗೆ ಕರೆ ಕಡಮೆಯಾಯಿತು. ಯಂತ್ರವು ಒಂದೆರಡು ದಿನಗಳಲ್ಲಿ ಮುಗಿಸುವ ಕೆಲಸಕ್ಕೆ ತಿಂಗಳುಗಟ್ಟಲೆ ಕಾಯುವವರಾರು? ಕತ್ತಲೆಯಲ್ಲಿ ಕುಳಿತು ಅಗೆಯುವ ಕೆಲಸಕ್ಕೆ ಮಕ್ಕಳನ್ನು ಕಳುಹಿಸಲು ತಂದೆಯರಿಗೂ ಮನಸ್ಸಿಲ್ಲ; ಅದನ್ನು ತಪ್ಪೆನ್ನಲಾಗದು. ಆದರೂ ಹಳೆಯ ಸುರಂಗಗಳು ಇಂದಿಗೂ ಎಷ್ಟೋ ಮನೆಗಳ ಅಂಗಳಕ್ಕೆ ನೀರುಣಿಸುತ್ತಿವೆ. ಮಳೆಗಾಲದಲ್ಲಿ ಒಳಗೆ ಕುಸಿದ ಮಣ್ಣನ್ನು ತೆಗೆಯಬೇಕಾದರೆ ಬಲ್ಲವರನ್ನೇ ಹುಡುಕಿ ಕರೆತರಬೇಕು. ಬರುವವರ ತಲೆ ನರೆತಿದೆ.