ಪರದೆಯ ಮುಂದೆ ನಿಂತವಳು

ಧಾರವಾಡ ಜಿಲ್ಲೆಯ ಗುಡಗೇರಿ ಅಂದಕೂಡಲೇ ನಮ್ಮ ಕಡೆಯವರಿಗೆ ಮೊದಲು ನೆನಪಾಗೋದು ನಾಟಕ ಕಂಪನಿ. ಗುಡಗೇರಿ ಬಸವರಾಜರ ಸಂಗಮೇಶ್ವರ ನಾಟ್ಯ ಸಂಘದ ಹೆಸರು ಯಾರು ಕೇಳಿಲ್ಲ ಹೇಳ್ರಿ? ಕಂಪನಿ ನಾಟಕಕ್ಕೆ ಹೋದರೆ ನನ್ನ ಕಣ್ಣು ಮಾತ್ರ ಹಿಂದಿನ ಪರದೆಯ ಮೇಲೆಯೇ. ಅರಮನೆಯ ಪರದೆ, ಕಾಡಿನ ಪರದೆ, ಓಣಿಯ ಪರದೆ. ಒಂದು ಸರ್ರನೆ ಮೇಲೇರಿ ಇನ್ನೊಂದು ಇಳಿದರೆ ಸಾಕು, ಈಗಷ್ಟೇ ರಾಣಿಯಾಗಿದ್ದವಳು ದಿಕ್ಕಿಲ್ಲದ ಬಡವಿ!

ಹಾಗೆ ನೋಡಿದರೆ ಈ ಸೀಮೆಯಲ್ಲಿ ಹೆಣ್ಣುವೇಷವೇ ಒಂದು ದೊಡ್ಡ ವಿದ್ಯೆ. ಪಕ್ಕದ ಕುಂದಗೋಳದ ಸವಾಯಿ ಗಂಧರ್ವರು ಮರಾಠಿ ರಂಗಭೂಮಿಯಲ್ಲಿ ಸ್ತ್ರೀಪಾತ್ರಗಳಿಂದಲೇ ಹೆಸರಾದವರು. ಅವರ ಹತ್ತಿರ ಹಾಡು ಕಲಿಯಲಿಕ್ಕೆ ಗಂಗೂಬಾಯಿ ಹಾನಗಲ್ಲರು ಹುಬ್ಬಳ್ಳಿಯಿಂದ ರೈಲು ಹತ್ತಿ ಬರುತ್ತಿದ್ದರು. ಗಂಡಸು ಹೆಣ್ಣಾಗಿ ಹಾಡಿ ಗೆದ್ದ; ಹೆಣ್ಣುಮಗಳು ಗಂಡಸಿನಂಥ ಗಟ್ಟಿ ದನಿಯಲ್ಲಿ ಹಾಡಿ ಗೆದ್ದಳು. ಅದೇ ಒಂದು ಹರಟೆಗಾಗುವಷ್ಟಿದೆ, ಇರಲಿ.

ಪರದೆಯ ಮಾತಿಗೆ ಬರೋಣ. ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ಬರೋಡದಲ್ಲಿ ಶಿಲ್ಪಕಲೆ ಕಲಿತವರು. ಆಮೇಲೆ ಮಣ್ಣು ಬಿಟ್ಟು ತಾವೇ ವೇಷ ಕಟ್ಟಿ ಕ್ಯಾಮೆರಾ ಮುಂದೆ ನಿಂತರು. 2000ದಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆಗೂಡಿ ದಕ್ಷಿಣ ಭಾರತದ ಹೆಂಗಸರ ಚಿತ್ರಮಾಲಿಕೆಯೊಂದನ್ನು ಮಾಡಿದರು. ರವಿವರ್ಮನ ಲಕ್ಷ್ಮಿ ಅವರೇ, ದಖ್ಖನಿ ಚಿತ್ರದ ಯೋಗಿನಿಯೂ ಅವರೇ. ನಮ್ಮ ಕಂಪನಿಯಂತೆ ಅಲ್ಲೂ ಬಣ್ಣದ ಪರದೆ.

ಆದರೆ ಒಂದು ಚಿತ್ರ ನೋಡಿದಾಗ ಎದೆ ಧಸಕ್ ಅಂತು. ನೀಲಗಿರಿಯ ತೋಡ ಬುಡಕಟ್ಟಿನ ಹೆಂಗಸಿನ ವೇಷದಲ್ಲಿ ಪುಷ್ಪಮಾಲಾ, ಹಿಂದೆ ಕಪ್ಪು ಬಿಳುಪಿನ ಚೌಕಳಿ. ಬ್ರಿಟಿಷರ ಕಾಲದ ಫೋಟೊ ಪದ್ಧತಿ ಅದು. ಆ ಚೌಕಳಿ ಅಂದಕ್ಕಲ್ಲ ನೋಡ್ರಿ, ಮುಂದೆ ನಿಂತವಳ ಮೈ ಅಳೆಯಲಿಕ್ಕೆ! ಎತ್ತರ ಇಷ್ಟು, ಅಗಲ ಇಷ್ಟು, ಜಾತಿ ಇಂಥದ್ದು. ಅವಳನ್ನು ‘ಏನವ್ವಾ ನಿನ್ನ ಹೆಸರು?’ ಅಂತ ಯಾರಾದರೂ ಕೇಳಿರಬಹುದೇ?

2004ರಲ್ಲಿ ಪುಷ್ಪಮಾಲಾ ‘ರಾಷ್ಟ್ರೀಯ ಖೀರ್ ಆ್ಯಂಡ್ ದೇಸೀಯ ಸಲಾಡ್’ ಎಂಬ ಕಿರುಚಿತ್ರವನ್ನೂ ಮಾಡಿದರು. ಅದು ಹುಟ್ಟಿದ್ದು ಮನೆಯ ಹಿರಿಯ ಹೆಂಗಸರ ಅಡುಗೆ ನೋಟ್‌ಬುಕ್ಕಿನಿಂದ. ಖೀರು ಮಾಡುವ ಬಗೆ ಬರೆದಿಟ್ಟ ಹಾಳೆಯೊಳಗೂ ಒಂದು ದೇಶದ ಕಥೆ ಇರುತ್ತದೆ ಅಂತ ಇತಿಹಾಸ ಬರೆಯುವವರಿಗೆ ಯಾಕೆ ಹೊಳೆಯಲಿಲ್ಲವೋ.

ಹೆಸರು ಅಂದೆನಲ್ಲ, ಗುಡಗೇರಿಯಲ್ಲೇ 1076ರ ಒಂದು ಜೈನ ಶಾಸನ ಸಿಕ್ಕಿದೆ. ಅದರಲ್ಲಿ ಕುಂಕುಮ ಮಹಾದೇವಿ ಎಂಬಾಕೆಯ ನೆನಪಿದೆ. ಬಾದಾಮಿ ಚಾಲುಕ್ಯರ ವಿಜಯಾದಿತ್ಯನ ತಂಗಿ. ಪುಲಿಗೆರೆಯಲ್ಲಿ, ಅಂದರೆ ಇಂದಿನ ಲಕ್ಷ್ಮೇಶ್ವರದಲ್ಲಿ, ಆನೆಸೆಜ್ಜೆಯ ಬಸದಿ ಕಟ್ಟಿಸಿದಾಕೆ. ವಿಜಯಾದಿತ್ಯನ ಆಳ್ವಿಕೆ ಮುಗಿದದ್ದು 733ರಲ್ಲಿ. ಮುನ್ನೂರು ವರ್ಷ ದಾಟಿದ ಮೇಲೂ ಯಾರೋ ಪುಣ್ಯಾತ್ಮರು ಅಣ್ಣನ ಜೊತೆಗೆ ತಂಗಿಯ ಹೆಸರನ್ನೂ ಕಲ್ಲಿಗೆ ಹಾಕಿಸಿದರು.

ನಿಮ್ಮ ಮನೆಯ ಟ್ರಂಕಿನಲ್ಲಿ ಸ್ಟುಡಿಯೋ ಪರದೆಯ ಮುಂದೆ ನಿಂತ ಅಜ್ಜಿ, ಸೋದರತ್ತೆಯರ ಫೋಟೊ ಇದ್ದೇ ಇರುತ್ತವೆ. ಹೆಸರು ಹೇಳುವ ಹಿರಿಯರು ಇರುವಾಗಲೇ ಹಿಂಬದಿಗೆ ಬರೆಸಿಡ್ರಿ. ‘ಇಂಥವರ ಹೆಂಡತಿ’ ಅಂತಲ್ಲ, ಅವರವರ ಹೆಸರು.